32 ಜಿಬಿ ಟ್ಯಾಬ್, ಖಾಲಿ ಜಾಗ 0.3: ಗೇಮ್‌ಗಳು ನುಂಗಿದ್ದನ್ನು ಹೊರಗೆ ತೆಗೆದ ದಾಖಲೆ

ಟ್ಯಾಬ್: 10 ಇಂಚು, ಆಂಡ್ರಾಯ್ಡ್ 11, 3 ಜಿಬಿ ರ‍್ಯಾಮ್, 32 ಜಿಬಿ ಸ್ಟೋರೇಜ್. ಮೆಮೊರಿ ಕಾರ್ಡ್‌ಗೆ ಕಿಂಡಿ ಇದೆ, ಕಾರ್ಡ್ ಇಲ್ಲ. ಇಬ್ಬರು ಮಕ್ಕಳು ಹಂಚಿಕೊಂಡು ಆಡುವ ಟ್ಯಾಬ್.

ತೊಂದರೆ: ಪ್ಲೇ ಸ್ಟೋರ್‌ನಲ್ಲಿ ಯಾವ ಅಪ್‌ಡೇಟೂ ಇಳಿಯುತ್ತಿಲ್ಲ. ಸ್ಕ್ರೀನ್‌ಶಾಟ್ ಸೇವ್ ಆಗುತ್ತಿಲ್ಲ. ದೊಡ್ಡ ಗೇಮ್ ತೆರೆದರೆ ಲೋಡಿಂಗ್ ಪಟ್ಟಿ ಅರ್ಧಕ್ಕೆ ಬಂದು ತಾನಾಗಿಯೇ ಮುಚ್ಚಿಕೊಳ್ಳುತ್ತದೆ.

ಬೇಕಾದದ್ದು: ಡೇಟಾ ಹಾಯುವ ಯುಎಸ್‌ಬಿ ಕೇಬಲ್ (ಬರೀ ಚಾರ್ಜ್ ಮಾಡುವ ಕೇಬಲ್ ಹಾಕಿ ಕಂಪ್ಯೂಟರ್ ಟ್ಯಾಬನ್ನೇ ಗುರುತಿಸುತ್ತಿಲ್ಲ ಎಂದು ಒದ್ದಾಡುವುದು ಮಾಮೂಲು), ಒಂದು ಕಂಪ್ಯೂಟರ್, ವೈಫೈ, ಒಂದು ಕಾಗದ ಮತ್ತು ಪೆನ್ನು. ಮರು ಡೌನ್‌ಲೋಡ್ ಸೇರಿ ಎರಡು ಗಂಟೆ ಇಟ್ಟುಕೊಳ್ಳಿ.

ಕಾಗದ ಯಾಕೆಂದರೆ, ಪ್ರತಿ ಹೆಜ್ಜೆಯ ಹಿಂದೆಯೂ ಮುಂದೆಯೂ ಖಾಲಿ ಜಾಗ ಎಷ್ಟು ಅಂತ ಬರೆದುಕೊಳ್ಳಬೇಕು. ಅಳಿಸಿದೆ ಅಂದುಕೊಂಡದ್ದು ನಿಜಕ್ಕೂ ಅಳಿಸಿಹೋಗಿದೆಯೇ ಎಂದು ತಿಳಿಯಲು ಬೇರೆ ದಾರಿ ಇಲ್ಲ.

ಮೊದಲ ಅಳತೆ

ಸೆಟ್ಟಿಂಗ್ಸ್‌ನ ಸ್ಟೋರೇಜ್ ಪುಟ ತೋರಿಸಿದ್ದು ಹೀಗೆ: ಸಿಸ್ಟಂ 11.2, ಗೇಮ್‌ಗಳು 12.4, ಉಳಿದ ಆ್ಯಪ್‌ಗಳು 3.3, ವಿಡಿಯೊ 2.6, ಫೋಟೊ 0.9, ಇತರ ಫೈಲ್‌ಗಳು 1.3. ಒಟ್ಟು 31.7 ಜಿಬಿ. ಉಳಿದದ್ದು 0.3.

ಕಂಪ್ಯೂಟರ್‌ಗೆ ಹಾಕಿ ನೋಡಿದರೆ ಲೆಕ್ಕ ಬೇರೆ ಬರಬಹುದು, ಗಾಬರಿ ಬೇಡ. ಕಂಪನಿ 32 ಜಿಬಿ ಎನ್ನುವುದು ಸಾವಿರದ ಲೆಕ್ಕದಲ್ಲಿ. ವಿಂಡೋಸ್ 1024ರ ಲೆಕ್ಕ ಹಿಡಿಯುತ್ತದೆ, ಅದರಲ್ಲಿ ಇದೇ ಸ್ಟೋರೇಜ್ 29.8 ಆಗುತ್ತದೆ. ಜಾಗ ಯಾರೂ ಕದ್ದಿಲ್ಲ. ಒಂದೇ ಅಳತೆಗೋಲು ಇಟ್ಟುಕೊಂಡರೆ ಸಾಕು; ಇಲ್ಲಿ ಎಲ್ಲವೂ ಟ್ಯಾಬ್ ತೋರಿಸಿದ ಲೆಕ್ಕ.

ಸಿಸ್ಟಂನ 11.2 ಕೈಗೆ ಸಿಗುವುದಲ್ಲ. 32 ಜಿಬಿ ಟ್ಯಾಬ್ ಕೊಂಡವರಿಗೆ ನಿಜವಾಗಿ ದಕ್ಕುವುದು 20 ಜಿಬಿ ಆಸುಪಾಸು ಎಂಬುದನ್ನು ಅಂಗಡಿಯವರು ಹೇಳುವುದಿಲ್ಲ.

ಇನ್ನು ಗೇಮ್‌ಗಳ 12.4. ಒಂದೊಂದು ಗೇಮ್‌ನ ಸ್ಟೋರೇಜ್ ಪುಟ ತೆರೆದರೆ ಮೂರು ಸಾಲು ಕಾಣುತ್ತವೆ: ಆ್ಯಪ್ ಸೈಜ್, ಯೂಸರ್ ಡೇಟಾ, ಕ್ಯಾಶ್ (ಬೇಗ ತೆರೆಯಲೆಂದು ತಾತ್ಕಾಲಿಕವಾಗಿ ಇಟ್ಟುಕೊಂಡ ಫೈಲ್‌ಗಳು). ಮೂರನ್ನೂ ಬೇರೆಬೇರೆಯಾಗಿ ಬರೆದುಕೊಳ್ಳಿ, ಇಡೀ ಕೆಲಸ ನಿಂತಿರುವುದು ಇದರ ಮೇಲೆ. ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ, ಅಂದರೆ ಎಲ್ಲರ ಬಾಯಲ್ಲಿ ಬಿಜಿಎಂಐ: ಆ್ಯಪ್ 1.1, ಡೇಟಾ ಮತ್ತು ಕ್ಯಾಶ್ ಸೇರಿ 5.0. ಒಂದು ಕಾರ್ ರೇಸ್ ಗೇಮ್: ಆ್ಯಪ್ 0.2, ಡೇಟಾ 2.3. ಮೈನ್‌ಕ್ರಾಫ್ಟ್: ಆ್ಯಪ್ 0.8, ಡೇಟಾ 1.3. ಒಂದು ಕ್ರಿಕೆಟ್ ಗೇಮ್ ಒಟ್ಟು 0.9. ಲೂಡೊ, ಬಬಲ್, ಪಜಲ್ ಥರದ ಎಂಟು ಸಣ್ಣವು ಸೇರಿ 0.8.

ರೇಸ್ ಗೇಮ್ ನೋಡಿ. ಪ್ಲೇ ಸ್ಟೋರ್‌ನಲ್ಲಿ ಕಂಡದ್ದು 200 ಎಂಬಿ, ಟ್ಯಾಬ್‌ನಲ್ಲಿ ಕೂತಿರುವುದು ಎರಡೂವರೆ ಜಿಬಿ. ಸ್ಟೋರ್‌ನಿಂದ ಮೊದಲು ಇಳಿಯುವುದು ಗೇಮ್‌ನ ಮೂಲ ತುಂಡು ಮಾತ್ರ. ದೃಶ್ಯ, ಸದ್ದು, ಟ್ರ್ಯಾಕ್, ಕಾರು ಎಲ್ಲವನ್ನೂ ಗೇಮ್ ಒಮ್ಮೆ ತೆರೆದ ಮೇಲೆ ತನ್ನದೇ ಸರ್ವರ್‌ನಿಂದ ಎಳೆದುಕೊಳ್ಳುತ್ತದೆ, ಎಳೆದದ್ದನ್ನು ಡೇಟಾ ಖಾತೆಯಲ್ಲಿ ಇಟ್ಟುಕೊಳ್ಳುತ್ತದೆ. ಹಳೆಯ ಪದ್ಧತಿಯಲ್ಲಿ ಈ ಭಾರ ಒಬಿಬಿ ಎಂಬ ಫೈಲ್‌ಗಳಲ್ಲಿರುತ್ತಿತ್ತು; ಒಂದು ಗೇಮ್‌ಗೆ ಹೆಚ್ಚೆಂದರೆ ಎರಡು, ಒಂದೊಂದೂ ಗರಿಷ್ಠ 2 ಜಿಬಿ. 2021ರ ಆಗಸ್ಟ್‌ನಿಂದ ಪ್ಲೇ ಸ್ಟೋರ್‌ಗೆ ಬರುವ ಹೊಸ ಆ್ಯಪ್‌ಗಳಿಗೆ ಆ್ಯಪ್ ಬಂಡಲ್ (ಸಾಧನಕ್ಕೆ ಬೇಕಾದ ತುಂಡುಗಳನ್ನಷ್ಟೇ ಕಳಿಸುವ ಪದ್ಧತಿ) ಕಡ್ಡಾಯವಾದ ಮೇಲೆ ಒಬಿಬಿ ಹಿಂದೆ ಸರಿಯಿತು.

ಹಾಗಾಗಿ ಎಲ್ಲರೂ ಮೊದಲು ಒತ್ತುವ ಕ್ಲಿಯರ್ ಕ್ಯಾಶ್ ಬಟನ್ ಇಲ್ಲಿ ಹೆಚ್ಚು ಕೆಲಸಕ್ಕೆ ಬರುವುದಿಲ್ಲ. ಬಿಜಿಎಂಐಯ 5.0ರಲ್ಲಿ ಕ್ಯಾಶ್ 0.1 ಇತ್ತು, ಅಷ್ಟೆ. ಪಕ್ಕದ ಕ್ಲಿಯರ್ ಸ್ಟೋರೇಜ್ ಬಟನ್ ಎಲ್ಲವನ್ನೂ ಗುಡಿಸುತ್ತದೆ, ಗೆದ್ದ ಲೆವೆಲ್‌ಗಳನ್ನೂ ಸೇರಿಸಿ. ಎರಡರ ನಡುವೆ ಬೇಕಾದ ಕತ್ತರಿ ಸೆಟ್ಟಿಂಗ್ಸ್‌ನಲ್ಲಿ ಇಲ್ಲ, ಗೇಮ್‌ನ ಒಳಗೇ ಇದೆ.

ಅಳಿಸುವ ಮೊದಲು ಖಾತೆ

ಪ್ರತಿ ಗೇಮ್ ತೆರೆದು ಪ್ರೊಫೈಲ್ ಪುಟದಲ್ಲಿ ಲಾಗಿನ್ ಯಾವುದು ಎಂದು ನೋಡಿ. ಗೆಸ್ಟ್ ಎಂದಿದ್ದರೆ ಆಟದ ಪ್ರಗತಿಯೆಲ್ಲ ಆ ಟ್ಯಾಬ್‌ಗೆ ಮಾತ್ರ ಕಟ್ಟಿಕೊಂಡಿದೆ ಎಂದೇ ತಿಳಿಯಿರಿ. ಡೇಟಾ ಹೋದರೆ ಅದೂ ಹೋಯಿತು. ಮೊದಲು ಗೂಗಲ್ ಅಥವಾ ಗೇಮ್ ಕಂಪನಿಯ ಖಾತೆಗೆ ಲಿಂಕ್ ಮಾಡಿ, ಗೇಮ್ ಮುಚ್ಚಿ ತೆರೆದು ಲಿಂಕ್ ನಿಂತಿದೆಯೇ ನೋಡಿ, ಪ್ಲೇಯರ್ ಐಡಿಯನ್ನು ಕಾಗದದ ಮೇಲೆ ಬರೆದಿಡಿ. ಸ್ಕ್ರೀನ್‌ಶಾಟ್ ಸಾಲದು. ಜಾಗ ಇಲ್ಲದ ಟ್ಯಾಬ್‌ನಲ್ಲಿ ಅದು ಸೇವ್ ಆಗುವುದೇ ಕಷ್ಟ, ಸೇವ್ ಆದರೂ ಅಳಿಸುವ ಗದ್ದಲದಲ್ಲಿ ಅದೇ ಮೊದಲು ಹೋಗುತ್ತದೆ.

ಈ ಟ್ಯಾಬ್‌ನಲ್ಲಿ ರೇಸ್ ಗೇಮ್ ಗೆಸ್ಟ್ ಆಗಿತ್ತು. ಲಿಂಕ್ ಮಾಡಿದ್ದಾಯಿತು.

ಮೈನ್‌ಕ್ರಾಫ್ಟ್‌ನದು ಬೇರೆ ಕಥೆ. ಮೈಕ್ರೋಸಾಫ್ಟ್ ಖಾತೆಯಲ್ಲಿ ಲಾಗಿನ್ ಆಗಿದ್ದರೂ, ಮಕ್ಕಳು ಕಟ್ಟಿದ ವರ್ಲ್ಡ್‌ಗಳು ಟ್ಯಾಬ್‌ನಲ್ಲೇ ಇರುತ್ತವೆ. ದುಡ್ಡು ಕೊಟ್ಟು ರೆಲ್ಮ್ಸ್ ಎಂಬ ಆನ್‌ಲೈನ್ ಸೇವೆ ತೆಗೆದುಕೊಂಡಿದ್ದರೆ ಅದರಲ್ಲಿರುವುದಷ್ಟೇ ಸರ್ವರ್‌ನಲ್ಲಿ ಸುರಕ್ಷಿತ. ಅನ್‌ಇನ್‌ಸ್ಟಾಲ್ ಮಾಡಿದರೂ ಕ್ಲಿಯರ್ ಸ್ಟೋರೇಜ್ ಒತ್ತಿದರೂ ಆರು ತಿಂಗಳ ಕೋಟೆ ಕೊತ್ತಲ ನೆಲಸಮ. ವರ್ಲ್ಡ್ ಹೆಸರಿನ ಪಕ್ಕದ ಪೆನ್ಸಿಲ್ ಗುರುತು ಒತ್ತಿ, ಪುಟದ ಕೆಳತುದಿಗೆ ಹೋಗಿ, ಎಕ್ಸ್‌ಪೋರ್ಟ್ ವರ್ಲ್ಡ್ ಒತ್ತಿದರೆ ಇಡೀ ವರ್ಲ್ಡ್ ಒಂದೇ ಫೈಲ್ ಆಗಿ ಹೊರಬರುತ್ತದೆ. ಆದರೆ ಆ ಫೈಲ್ ಬರೆಯುವುದಕ್ಕೂ ಜಾಗ ಬೇಕಲ್ಲ. 0.3 ಜಿಬಿಯಲ್ಲಿ ದೊಡ್ಡ ವರ್ಲ್ಡ್ ಎಕ್ಸ್‌ಪೋರ್ಟ್ ಅರ್ಧಕ್ಕೆ ನಿಲ್ಲುತ್ತದೆ. ಆದ್ದರಿಂದ ಮೈನ್‌ಕ್ರಾಫ್ಟನ್ನು ಮುಂದಕ್ಕೆ ತಳ್ಳಿ, ಅಪಾಯವೇ ಇಲ್ಲದ ಕಡೆಯಿಂದ ಶುರು.

ವಿಡಿಯೊ ಮತ್ತು ಕಸದ ಬುಟ್ಟಿ: 0.3ರಿಂದ 2.2

ವಿಡಿಯೊ ಖಾತೆಯ 2.6ರಲ್ಲಿ 1.9 ಜಿಬಿ ಸ್ಕ್ರೀನ್ ರೆಕಾರ್ಡಿಂಗ್. ಇದೂ ಗೇಮ್‌ನದೇ ಖರ್ಚು, ಆದರೆ ಗೇಮ್‌ನ ಲೆಕ್ಕದಲ್ಲಿ ಕಾಣುವುದಿಲ್ಲ. ಸೆಕೆಂಡಿಗೆ 10 ಮೆಗಾಬಿಟ್ ದರದ ರೆಕಾರ್ಡಿಂಗ್ ಎಂದರೆ ನಿಮಿಷಕ್ಕೆ 75 ಎಂಬಿ, ಗಂಟೆಗೆ ನಾಲ್ಕೂವರೆ ಜಿಬಿ. ಇಲ್ಲಿದ್ದದ್ದು ಬರೀ 25 ನಿಮಿಷದ ಆಟ.

ಕೇಬಲ್ ಹಾಕಿ, ಟ್ಯಾಬ್‌ನ ನೋಟಿಫಿಕೇಶನ್‌ನಲ್ಲಿ ಫೈಲ್ ಟ್ರಾನ್ಸ್‌ಫರ್ ಆರಿಸಿ, ಎಲ್ಲವನ್ನೂ ಕಂಪ್ಯೂಟರ್‌ಗೆ ನಕಲು ಮಾಡಿ. ಕಟ್ ಮಾಡಬೇಡಿ, ಕಾಪಿ ಮಾಡಿ. ಒಂದೆರಡು ವಿಡಿಯೊ ಕಂಪ್ಯೂಟರ್‌ನಲ್ಲಿ ಓಡಿಸಿ ನೋಡಿದ ಮೇಲೆ ಟ್ಯಾಬ್‌ನ ಗ್ಯಾಲರಿಯಿಂದ ಅಳಿಸಿ.

ಅಳಿಸಿದ ಮೇಲಿನ ಅಳತೆ: 0.3. ಒಂದು ಚೂರೂ ಕದಲಿಲ್ಲ. ಗ್ಯಾಲರಿ ಅಳಿಸಿದ್ದನ್ನು 30 ದಿನ ಕಸದ ಬುಟ್ಟಿಯಲ್ಲಿ ಇಟ್ಟುಕೊಂಡಿರುತ್ತದೆ, ಅಲ್ಲಿರುವಷ್ಟು ದಿನ ಜಾಗ ಬಿಡುವುದಿಲ್ಲ. ಗೂಗಲ್ ಫೋಟೋಸ್‌ನಲ್ಲಿ ಬ್ಯಾಕಪ್ ಆದ ಚಿತ್ರವಾದರೆ 60 ದಿನ. ಫೈಲ್ ಮ್ಯಾನೇಜರ್‌ಗಳಿಗೂ ಅವರವರದೇ ಬುಟ್ಟಿ ಇರುತ್ತದೆ. ಎಲ್ಲ ಬುಟ್ಟಿಗಳನ್ನೂ ಖಾಲಿ ಮಾಡಿದ ಮೇಲೆ: 2.2 ಜಿಬಿ. 'ಇಷ್ಟೆಲ್ಲ ಅಳಿಸಿದರೂ ಫುಲ್ ಅಂತಲೇ ಬರುತ್ತೆ' ಎನ್ನುವವರಲ್ಲಿ ಹಲವರ ಉತ್ತರ ಈ ಬುಟ್ಟಿಯಲ್ಲಿರುತ್ತದೆ.

ಡೌನ್‌ಲೋಡ್ ಫೋಲ್ಡರ್: 2.2ರಿಂದ 3.2

ಒಂದೇ ಫೈಲ್, 1 ಜಿಬಿ, ಗೇಮ್ ಇನ್‌ಸ್ಟಾಲ್ ಮಾಡುವ ಎಕ್ಸ್‌ಎಪಿಕೆ ಪೊಟ್ಟಣ. ಪ್ಲೇ ಸ್ಟೋರ್ ಬಿಟ್ಟು ಬೇರೆ ಕಡೆಯಿಂದ ಗೇಮ್ ಹಾಕಿದರೆ ಇನ್‌ಸ್ಟಾಲ್ ಆದಮೇಲೂ ಈ ಪೊಟ್ಟಣ ಹಾಗೇ ಬಿದ್ದಿರುತ್ತದೆ. ಗೇಮ್ ಒಂದು, ಜಾಗ ಎರಡರಷ್ಟು. ಇಲ್ಲಿ ಗೇಮ್ ಯಾವಾಗಲೋ ಹೋಗಿತ್ತು, ಪೊಟ್ಟಣ ಮಾತ್ರ ಉಳಿದಿತ್ತು. ಅಳಿಸಿದ್ದಾಯಿತು. ಅಪರಿಚಿತ ಮೂಲದಿಂದ ಇನ್‌ಸ್ಟಾಲ್ ಮಾಡುವ ಅನುಮತಿ ಬ್ರೌಸರ್‌ಗೆ ಇತ್ತು, ಅದನ್ನೂ ತೆಗೆದಿದ್ದಾಯಿತು.

ಬಿಜಿಎಂಐ: 3.2ರಿಂದ 5.4

ಲಾಬಿಯಲ್ಲಿ, ಅಂದರೆ ಆಟಕ್ಕೆ ಇಳಿಯುವ ಮೊದಲಿನ ಪರದೆಯಲ್ಲಿ, ಇರುವ ಡೌನ್‌ಲೋಡ್ ವಿಭಾಗ ತೆರೆದರೆ ರಿಸೋರ್ಸ್ ಪ್ಯಾಕ್‌ಗಳೂ ಮ್ಯಾಪ್‌ಗಳೂ ಬೇರೆಬೇರೆಯಾಗಿ, ಒಂದೊಂದರ ಗಾತ್ರದ ಸಮೇತ ಕಾಣುತ್ತವೆ. ಎರಾಂಗೆಲ್ ಮತ್ತು ಲಿವಿಕ್ ಮ್ಯಾಪ್ ಆಡುವವರಿಗೆ ಮಿರಾಮಾರ್, ಸಾನ್ಹೊಕ್ ಇಟ್ಟುಕೊಂಡು ಏನು ಪ್ರಯೋಜನ? ಆಡದ ಮ್ಯಾಪ್‌ಗಳು, ಎಚ್‌ಡಿ ಗ್ರಾಫಿಕ್ಸ್ ಪ್ಯಾಕ್, ಮುಗಿದ ಕಾರ್ಯಕ್ರಮಗಳ ವೇಷಭೂಷಣ ಪ್ಯಾಕ್ ಇವನ್ನು ಅಲ್ಲಿಂದಲೇ ತೆಗೆಯಿರಿ. 3 ಜಿಬಿ ರ‍್ಯಾಮ್‌ನ ಟ್ಯಾಬ್‌ನಲ್ಲಿ ಎಚ್‌ಡಿ ಪ್ಯಾಕ್ ಇದ್ದೂ ಇಲ್ಲದ ಹಾಗೆ, ಗೇಮ್ ಸರಾಗವಾಗಿ ಓಡಬೇಕಾದರೆ ಹೇಗೂ ಸ್ಮೂತ್ ಎಂಬ ಕಡಿಮೆ ಗ್ರಾಫಿಕ್ಸ್ ಆಯ್ಕೆಯಲ್ಲೇ ಆಡಬೇಕು. ಹೋದದ್ದು 2.2 ಜಿಬಿ. ತೆಗೆದ ಕೂಡಲೇ ಗೇಮ್ ಪೂರ್ತಿ ಮುಚ್ಚಿ ಮತ್ತೆ ತೆರೆಯಿರಿ, ಆಮೇಲೆ ಅಳೆಯಿರಿ.

ಜೊತೆಗೇ ತಾನಾಗಿ ಡೌನ್‌ಲೋಡ್ ಆಗುವ ಆಯ್ಕೆಯನ್ನು ಆಫ್ ಮಾಡಿ. ಇಲ್ಲದಿದ್ದರೆ ಮುಂದಿನ ಸಲ ವೈಫೈ ಸಿಕ್ಕಾಗ ತೆಗೆದದ್ದೆಲ್ಲ ಮೆಲ್ಲಗೆ ವಾಪಸ್ ಬಂದು ಕೂರುತ್ತದೆ.

ಲಾಗಿನ್ ಪರದೆಯಲ್ಲಿ ರಿಪೇರ್ ಎಂಬ ಗುಂಡಿ ಇದೆ. ಅದು ಕೆಟ್ಟ ಫೈಲ್‌ಗಳನ್ನು ಅಳಿಸಿ ಮತ್ತೆ ಇಳಿಸಿಕೊಳ್ಳುವುದಕ್ಕೆ. ಜಾಗ ಬಿಡಿಸಲು ಅದನ್ನು ಒತ್ತಬೇಡಿ. ದಿನಕ್ಕೆ ಒಂದೂವರೆ ಜಿಬಿ ಪ್ಯಾಕ್‌ನ ಹಾಟ್‌ಸ್ಪಾಟ್‌ನಲ್ಲಂತೂ ಬೇಡವೇ ಬೇಡ. ಬೆಳಗ್ಗೆ ಒತ್ತಿದರೆ ಅಂದಿನ ಡೇಟಾ ಅಲ್ಲಿಗೇ ಮುಗಿಯುತ್ತದೆ, ಗೇಮ್ ನಾಳೆಯವರೆಗೆ ಅರ್ಧಂಬರ್ಧ.

ಇದೇ ಥರದ ವ್ಯವಸ್ಥೆ ಬೇರೆ ದೊಡ್ಡ ಗೇಮ್‌ಗಳಲ್ಲೂ ಇದೆ. ಗೆನ್‌ಶಿನ್ ಇಂಪ್ಯಾಕ್ಟ್‌ನಲ್ಲಿ ಬೇಡದ ಭಾಷೆಯ ಧ್ವನಿ ಫೈಲ್‌ಗಳನ್ನೂ ಆಡಿ ಮುಗಿಸಿದ ಕ್ವೆಸ್ಟ್‌ಗಳ ರಿಸೋರ್ಸನ್ನೂ ಸೆಟ್ಟಿಂಗ್ಸ್‌ನಿಂದ ತೆಗೆಯಬಹುದು. ಹೆಸರು ಡೌನ್‌ಲೋಡ್, ರಿಸೋರ್ಸ್, ಲ್ಯಾಂಗ್ವೇಜ್ ಹೀಗೆ ಏನಾದರೂ ಇರಬಹುದು, ಹುಡುಕಬೇಕು.

ಕಂಪ್ಯೂಟರ್‌ನಿಂದ ಫೋಲ್ಡರ್‌ಗೇ ಕೈ ಹಾಕಿದರೆ ಆಗದೇ? ಆಂಡ್ರಾಯ್ಡ್ ಫೋಲ್ಡರ್‌ನೊಳಗಿನ ಡೇಟಾ ಮತ್ತು ಒಬಿಬಿ ಫೋಲ್ಡರ್‌ಗಳನ್ನು ಆಂಡ್ರಾಯ್ಡ್ 11ರಿಂದ ಈಚೆಗೆ ಫೈಲ್ ಮ್ಯಾನೇಜರ್ ಆ್ಯಪ್‌ಗಳಿಂದ ಮುಚ್ಚಿದ್ದಾರೆ. ಕೇಬಲ್ ಹಾಕಿ ಕಂಪ್ಯೂಟರ್‌ನಲ್ಲಿ ನೋಡಿದರೆ ಸಾಮಾನ್ಯವಾಗಿ ಕಾಣುತ್ತವೆ. ಯಾವ ಗೇಮ್ ಎಷ್ಟು ಹಿಡಿದಿದೆ ಎಂದು ನೋಡಲು ಸರಿ, ಅಳಿಸಲು ಬೇಡ. ತನ್ನ ಬಳಿ ಯಾವ ಯಾವ ಫೈಲ್ ಇದೆ ಎಂಬ ಪಟ್ಟಿಯನ್ನು ಗೇಮ್ ಬೇರೆ ಇಟ್ಟುಕೊಂಡಿರುತ್ತದೆ. ಪಟ್ಟಿಯಲ್ಲಿದ್ದು ಜಾಗದಲ್ಲಿ ಇಲ್ಲದಿದ್ದರೆ ಒಂದೋ ಎಲ್ಲವನ್ನೂ ಮತ್ತೆ ಇಳಿಸಿಕೊಳ್ಳುತ್ತದೆ, ಇಲ್ಲವೇ ತೆರೆಯುವಾಗಲೇ ಬಿದ್ದುಹೋಗುತ್ತದೆ.

ರೇಸ್ ಗೇಮ್: 5.4ರಿಂದ 6.5

ಇದರೊಳಗೆ ತೆಗೆಯುವ ಪುಟವೇ ಇಲ್ಲ. ಹಳೆಯ ಸೀಸನ್‌ಗಳ ಫೈಲ್‌ಗಳು ಒಂದರ ಮೇಲೊಂದು ಪೇರಿಸಿಕೊಂಡಿವೆ. ಖಾತೆ ಲಿಂಕ್ ಆಗಿರುವುದರಿಂದ ಪೂರ್ತಿ ತೆಗೆದು ಮತ್ತೆ ಹಾಕುವುದೇ ದಾರಿ.

ಅನ್‌ಇನ್‌ಸ್ಟಾಲ್ ಒತ್ತಿದಾಗ ಕೆಲವು ಗೇಮ್‌ಗಳು ಆ್ಯಪ್‌ನ ಡೇಟಾ ಉಳಿಸಿಕೊಳ್ಳಬೇಕೇ ಎಂದು ಒಂದು ಚೌಕ ತೋರಿಸುತ್ತವೆ. ಅದರಲ್ಲಿ ಟಿಕ್ ಇರಬಾರದು. ಟಿಕ್ ಇದ್ದರೆ ಹೋಗುವುದು 0.2 ಮಾತ್ರ, 2.3 ಅಲ್ಲೇ ಉಳಿಯುತ್ತದೆ, ಅದೂ ಪಟ್ಟಿಯಲ್ಲಿ ಗೇಮ್‌ನ ಹೆಸರೇ ಇಲ್ಲದೆ. ತೆಗೆದ ಮೇಲಿನ ಅಳತೆ 7.9 ಬರಬೇಕು, 5.6 ಬಂದರೆ ಆ ಟಿಕ್ ಬಿದ್ದಿದೆ ಎಂದರ್ಥ. ಹಾಗಾದರೆ ಮತ್ತೆ ಇನ್‌ಸ್ಟಾಲ್ ಮಾಡಿ, ಟಿಕ್ ತೆಗೆದು ಅನ್‌ಇನ್‌ಸ್ಟಾಲ್ ಮಾಡಬೇಕು.

7.9 ಬಂತು. ವೈಫೈನಲ್ಲಿ ಮತ್ತೆ ಹಾಕಿ, ಲಾಗಿನ್ ಆಗಿ, ಬೇಕಾದ ಟ್ರ್ಯಾಕ್‌ಗಳನ್ನು ಇಳಿಸಿಕೊಂಡ ಮೇಲೆ ಗೇಮ್ ಒಟ್ಟು 1.4 ಜಿಬಿ. ಖಾಲಿ 6.5.

ಆರ್ಕೈವ್ ಮಾಡಿದರೆ ಇಷ್ಟು ರಗಳೆ ಇಲ್ಲವಲ್ಲ ಎನ್ನಬಹುದು. 2023ರಲ್ಲಿ ಪ್ಲೇ ಸ್ಟೋರ್‌ಗೆ ಬಂದ ಆರ್ಕೈವ್ ಸೌಲಭ್ಯ ಆ್ಯಪನ್ನು ತೆಗೆದು ಐಕಾನ್ ಮತ್ತು ಯೂಸರ್ ಡೇಟಾವನ್ನು ಉಳಿಸಿಕೊಳ್ಳುತ್ತದೆ. ಬ್ಯಾಂಕ್ ಆ್ಯಪ್, ಪ್ರಯಾಣದ ಆ್ಯಪ್‌ಗಳಿಗೆ ಚೆನ್ನಾಗಿದೆ. ಈ ಗೇಮ್‌ನಲ್ಲಿ ಆ್ಯಪ್ 0.2, ಡೇಟಾ 2.3 ಎಂದು ಬರೆದುಕೊಂಡದ್ದನ್ನು ಒಮ್ಮೆ ನೋಡಿ: ಆರ್ಕೈವ್ ತೆಗೆಯುವುದು ಮೊದಲನೆಯದನ್ನು. ಐಪ್ಯಾಡ್‌ನ ಆಫ್‌ಲೋಡ್ ಆ್ಯಪ್ ಕೂಡ ಇದೇ ಜಾತಿ. ಜನರಲ್ ಒಳಗಿನ ಐಪ್ಯಾಡ್ ಸ್ಟೋರೇಜ್ ಪುಟದಲ್ಲಿ ಆ್ಯಪ್ ಸೈಜ್‌ಗಿಂತ ಡಾಕ್ಯುಮೆಂಟ್ಸ್ ಮತ್ತು ಡೇಟಾ ದೊಡ್ಡದಿದ್ದರೆ ಆಫ್‌ಲೋಡ್ ಮಾಡಿ ಪ್ರಯೋಜನ ಕಡಿಮೆ. ಅಲ್ಲಿ ಕ್ಲಿಯರ್ ಕ್ಯಾಶ್ ಬಟನ್ನೂ ಇಲ್ಲ, ಡಿಲೀಟ್ ಮಾಡಿ ಮತ್ತೆ ಹಾಕುವುದೊಂದೇ.

ಮೈನ್‌ಕ್ರಾಫ್ಟ್: 6.5ರಿಂದ 7.1

ಈಗ ಜಾಗ ಇದೆ, ವರ್ಲ್ಡ್‌ಗಳನ್ನು ಒಂದೊಂದಾಗಿ ಎಕ್ಸ್‌ಪೋರ್ಟ್ ಮಾಡಿ ಕಂಪ್ಯೂಟರ್‌ಗೆ ಕಳಿಸಿ. ಕಳಿಸಿದ ಮೇಲೆ ಟ್ಯಾಬ್‌ನಲ್ಲಿ ಉಳಿದ ಎಕ್ಸ್‌ಪೋರ್ಟ್ ಫೈಲ್ ಅಳಿಸಲು ಮರೆಯಬೇಡಿ.

ಆಮೇಲೆ ಗೇಮ್‌ನ ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್ ಪುಟ. ವರ್ಲ್ಡ್‌ಗಳು, ರಿಸೋರ್ಸ್ ಪ್ಯಾಕ್, ಕ್ಯಾಶ್ ಡೇಟಾ ಬೇರೆಬೇರೆ ಸಾಲುಗಳಲ್ಲಿ, ಗಾತ್ರದ ಸಮೇತ. ಕ್ಯಾಶ್ ಡೇಟಾ ಕಣ್ಣುಮುಚ್ಚಿ ತೆಗೆಯಬಹುದು. ರಿಸೋರ್ಸ್ ಪ್ಯಾಕ್ ತೆಗೆಯುವಾಗ ಯಾವ ವರ್ಲ್ಡ್ ಅದನ್ನು ಬಳಸುತ್ತಿದೆ ಎಂದು ಮಕ್ಕಳನ್ನೇ ಕೇಳಿ, ಅವರಿಗೆ ಗೊತ್ತಿರುತ್ತದೆ. ಮಾರ್ಕೆಟ್‌ಪ್ಲೇಸ್‌ನಲ್ಲಿ ಕೊಂಡ ಪ್ಯಾಕ್‌ಗಳನ್ನು ಅದೇ ಖಾತೆಯಲ್ಲಿ ಮತ್ತೆ ಇಳಿಸಿಕೊಳ್ಳಬಹುದು. 0.6 ಹೋಯಿತು.

ಸಣ್ಣವು: 7.1ರಿಂದ 7.6, ಕ್ಯಾಶ್: 7.6ರಿಂದ 8.0

ಎಂಟರಲ್ಲಿ ಐದು ಸಣ್ಣ ಗೇಮ್‌ಗಳು ಹೋದವು. ಒಂದು ಮಾತ್ರ ತೆಗೆದರೂ ಅಳತೆ ಕದಲಲಿಲ್ಲ. ಟ್ಯಾಬ್‌ನಲ್ಲಿ ಇಬ್ಬರು ಯೂಸರ್‌ಗಳಿದ್ದರು. ಒಂದು ಯೂಸರ್‌ನಲ್ಲಿ ತೆಗೆದ ಗೇಮ್ ಇನ್ನೊಂದರಲ್ಲಿ ಇತ್ತು. ಆ್ಯಪ್ ಇಬ್ಬರಿಗೂ ಒಂದೇ, ಡೇಟಾ ಮಾತ್ರ ಬೇರೆಬೇರೆ. ಕೊನೆಯ ಯೂಸರ್ ತೆಗೆಯುವವರೆಗೆ ಆ್ಯಪ್ ಜಾಗ ಬಿಡುವುದಿಲ್ಲ. ಯೂಸರ್ ಬದಲಿಸಿ ಅಲ್ಲೂ ತೆಗೆದ ಮೇಲೆ ಲೆಕ್ಕ ಕೂಡಿಬಂತು.

ಕೊನೆಗೆ ಬ್ರೌಸರ್, ವಿಡಿಯೊ ಆ್ಯಪ್‌ಗಳ ಕ್ಯಾಶ್, 0.4. ಇದು ಗೆಲುವೇನಲ್ಲ. ಬಳಸಿದಂತೆ ಮತ್ತೆ ತುಂಬುತ್ತದೆ, ಜಾಗ ತೀರಾ ಕಡಿಮೆಯಾದರೆ ಆಂಡ್ರಾಯ್ಡ್ ತಾನೇ ತೆಗೆಯುತ್ತದೆ. ಕ್ಲೀನರ್ ಆ್ಯಪ್ ಹಾಕಿ ಇದನ್ನು ಮಾಡಿಸುವುದಂತೂ ದಂಡ: ಆಂಡ್ರಾಯ್ಡ್ 6ರಿಂದ ಬೇರೆ ಆ್ಯಪ್‌ಗಳ ಕ್ಯಾಶ್ ಅಳಿಸುವ ಅಧಿಕಾರ ಹೊರಗಿನ ಆ್ಯಪ್‌ಗಳಿಗೆ ಇಲ್ಲ. ಅವು ತೋರಿಸುವ ಪೊರಕೆ ಚಿತ್ರ ಜಾಹೀರಾತಿಗೆ ಮುನ್ನುಡಿ.

ರಾತ್ರಿ ಚಾರ್ಜಿಗೆ

ಜಾಗ ಬಿಟ್ಟ ಕೂಡಲೇ ಟ್ಯಾಬ್ ಚುರುಕಾಗದಿದ್ದರೆ ನಿರಾಶೆ ಬೇಡ. ಫ್ಲಾಶ್ ಮೆಮೊರಿಯಲ್ಲಿ ಇದ್ದದ್ದರ ಮೇಲೇ ಹೊಸದನ್ನು ಬರೆಯಲಾಗದು. ಇಡೀ ಬ್ಲಾಕ್ ಅಳಿಸಿಯೇ ಬರೆಯಬೇಕು. ಖಾಲಿ ಬ್ಲಾಕ್ ಇಲ್ಲದಾಗ ಚಿಪ್ ಅಲ್ಲಿಂದಿಲ್ಲಿಗೆ ಸಾಮಾನು ಎತ್ತಿಟ್ಟು ಜಾಗ ಮಾಡಿಕೊಳ್ಳುತ್ತದೆ, ತುಂಬಿದ ಟ್ಯಾಬ್ ನಿಧಾನವಾಗುವುದು ಅದಕ್ಕೇ. ಅಳಿಸಿದ ಜಾಗ ಯಾವುದು ಎಂದು ಚಿಪ್‌ಗೆ ತಿಳಿಸುವ ಟ್ರಿಮ್ ಎಂಬ ಕೆಲಸವನ್ನು ಆಂಡ್ರಾಯ್ಡ್ ಮಾಡುವುದು ಚಾರ್ಜಿಗೆ ಹಾಕಿ ಪರದೆ ಆರಿಸಿ ಸುಮ್ಮನೆ ಬಿಟ್ಟಾಗ. ಒಂದು ರಾತ್ರಿ ಹಾಗೆ ಬಿಡಿ.

ಅಪ್‌ಡೇಟ್‌ಗಳೂ ಬೆಳಗ್ಗೆಯೇ ಆಗಲಿ. ಹೊಸದು ಇಳಿದು ಕೂರುವವರೆಗೆ ಹಳೆಯದನ್ನು ಟ್ಯಾಬ್ ತೆಗೆಯುವುದಿಲ್ಲ, ಆದ್ದರಿಂದ 1.1 ಜಿಬಿ ಆ್ಯಪ್‌ಗೆ 2 ಜಿಬಿಯಾದರೂ ಖಾಲಿ ಇರಬೇಕು. ಖಾಲಿ ಜಾಗ 500 ಎಂಬಿಯ ಸುತ್ತಮುತ್ತ ಬಂದಾಗಲೇ ಎಚ್ಚರಿಕೆ ಬರುವುದು; ಅಷ್ಟರಲ್ಲಿ ತಡವಾಗಿರುತ್ತದೆ. ಈ ಟ್ಯಾಬ್‌ಗೆ 4 ಜಿಬಿಯನ್ನು ಕೆಳಮಿತಿ ಎಂದು ಇಟ್ಟುಕೊಂಡಿದ್ದೇವೆ.

ಕಾರ್ಡ್ ಹಾಕಬೇಕೇ

ಹಾಕಿ, ಆದರೆ ಗೇಮ್‌ಗಳಿಗಲ್ಲ, ರೆಕಾರ್ಡಿಂಗ್ ಮತ್ತು ಫೋಟೊಗಳಿಗೆ. ಆಂಡ್ರಾಯ್ಡ್ 6ರಿಂದ ಕಾರ್ಡನ್ನು ಒಳಗಿನ ಸ್ಟೋರೇಜ್ ಆಗಿ ಸೇರಿಸಿಕೊಳ್ಳುವ ಸೌಲಭ್ಯ ಇದೆ, ಎಲ್ಲ ಕಂಪನಿಗಳೂ ಅದನ್ನು ಕೊಟ್ಟಿಲ್ಲ. ಕೊಟ್ಟ ಕಡೆಯೂ ಕಾರ್ಡ್ ಎನ್‌ಕ್ರಿಪ್ಟ್ ಆಗಿ ಆ ಒಂದೇ ಟ್ಯಾಬ್‌ಗೆ ಕಟ್ಟುಬೀಳುತ್ತದೆ. ಟ್ಯಾಬ್ ಕೆಟ್ಟರೆ ಕಾರ್ಡ್‌ನಲ್ಲಿದ್ದದ್ದನ್ನು ಬೇರೆ ಎಲ್ಲೂ ಓದಲಾಗದು. ಗೇಮ್ ಓದುವುದು ಸಾವಿರಾರು ಸಣ್ಣ ತುಂಡುಗಳನ್ನು. ಎ1 ಗುರುತಿನ ಕಾರ್ಡ್ ಖಾತ್ರಿ ಕೊಡುವುದು ಸೆಕೆಂಡಿಗೆ 1500 ಬಿಡಿ ಓದು, 500 ಬಿಡಿ ಬರಹ. ಎ2 ಆದರೆ 4000 ಮತ್ತು 2000, ಅದೂ ಟ್ಯಾಬ್ ಆ ಪದ್ಧತಿಯನ್ನು ಬಲ್ಲದ್ದಾದರೆ. ಗುರುತೇ ಇಲ್ಲದ ಅಗ್ಗದ ಕಾರ್ಡ್‌ನಲ್ಲಿ ಗೇಮ್ ಇಟ್ಟರೆ ಲೋಡಿಂಗ್ ಮುಗಿಯುವಷ್ಟರಲ್ಲಿ ಚಹಾ ಕುಡಿದು ಬರಬಹುದು.

ಕೊಂಡ ಕಾರ್ಡನ್ನು ಮೊದಲು ಕಂಪ್ಯೂಟರ್‌ಗೆ ಹಾಕಿ ಪೂರ್ತಿ ಬರೆದು ಓದಿ ಪರೀಕ್ಷಿಸಿ. ಹೊರಗೆ 128 ಎಂದು ಬರೆದು ಒಳಗೆ 8 ಇಟ್ಟು ಮಾರುವ ನಕಲಿ ಕಾರ್ಡ್‌ಗಳಿವೆ; ಅವು ತುಂಬುವವರೆಗೆ ಸುಮ್ಮನಿದ್ದು, ಆಮೇಲೆ ಹಳೆಯದರ ಮೇಲೇ ಬರೆದುಬಿಡುತ್ತವೆ. ಕಾರ್ಡ್ ಹಾಕಿದ ಮೇಲೆ ಕ್ಯಾಮೆರಾದ ಸೆಟ್ಟಿಂಗ್ಸ್‌ನಲ್ಲೂ, ಆಯ್ಕೆ ಇದ್ದರೆ ಸ್ಕ್ರೀನ್ ರೆಕಾರ್ಡರ್‌ನಲ್ಲೂ ಸೇವ್ ಆಗುವ ಜಾಗವನ್ನು ಬದಲಿಸಿ. ರೆಕಾರ್ಡಿಂಗ್ ಗುಣಮಟ್ಟವನ್ನು 720ಕ್ಕೆ ಇಳಿಸಿದರೂ ಮಕ್ಕಳು ತಕರಾರು ಮಾಡುವುದಿಲ್ಲ.

ಒಂದು ವಾರದ ಮೇಲೆ ಅದೇ ಪುಟ: ಖಾಲಿ 7.5. ಕ್ಯಾಶ್ 0.4 ವಾಪಸ್ ಬಂದಿದೆ, ಹೊಸ ಫೋಟೊ 0.1. ಬಿಜಿಎಂಐ ಡೇಟಾ 2.8ರಲ್ಲೇ ನಿಂತಿದೆ.